ಬೆರಳು ನೆಟ್ಟಗಾದ ಹುಲಿ

ಆಕ್ಲೆಂಡ್ ವಿಮಾನ ನಿಲ್ದಾಣ

"ಅಕ್ಕ, ಇಲ್ಲಿ ಮುಚ್ಚಿಡುವ ವ್ಯವಹಾರ ಬೇಡ. ಎಂತ ಉಂಟೋ ಅದನ್ನೇ ಹೇಳು," ಎಂದು ಅಲ್ಲೇ ನೆಲೆಸಿರುವ ತಮ್ಮ ದಿನಕರ ಫೋನಿನಲ್ಲಿ ನನಗೆ ಪಾಠ ಮಾಡಿದ್ದ. ಹಾಗಾಗಿ ಸಮವಸ್ತ್ರದ ಹೆಂಗಸು ನನ್ನ ರಟ್ಟಿನ ಪೆಟ್ಟಿಗೆಗೆ ಬೆರಳು ತೋರಿಸಿ, ಇದರಲ್ಲಿ ಪ್ರಾಣಿಯ ಭಾಗ ಏನಾದರೂ ಇದೆಯೇ ಎಂದು ಕೇಳಿದಾಗ ನಾನು ಸತ್ಯವನ್ನೇ ಹೇಳಿದೆ.

"ಟೈಗರ್," ಎಂದೆ.

ಆಕೆಯ ನಗು ಅಲ್ಲಿಗೇ ನಿಂತಿತು. ನನ್ನನ್ನು ಸಾಲಿನಿಂದ ಪಕ್ಕಕ್ಕೆ ಕರೆದರು. ಇನ್ನಿಬ್ಬರು ಬಂದರು, ಕೈಗವಸು ಹಾಕಿಕೊಂಡರು. ಹಿಂದೆ ನಿಂತಿದ್ದವರು ನನ್ನನ್ನು ಕಾಡುಗಳ್ಳಿಯನ್ನು ನೋಡುವ ಹಾಗೆ ನೋಡುತ್ತಿದ್ದರು. ಮಂಗಳೂರಿನಲ್ಲಿ ಹೊಲಿಗೆ ಅಂಗಡಿ ಇಟ್ಟುಕೊಂಡು ನಾಲ್ಕು ಜನರಿಗೆ ಬೈದು ಬದುಕುವವಳು ನಾನು. ನನ್ನ ಬಾಯಿಗೆ ಅಷ್ಟು ಬೇಗ ಬೀಗ ಬಿದ್ದದ್ದು ಅದೇ ಮೊದಲು.

ಪೆಟ್ಟಿಗೆಯಿಂದ ಹೊರಬಂದದ್ದು ಅಪ್ಪನ ಹುಲಿವೇಷದ ಮಂಡೆ. ಮಂಡೆ ಎಂದರೆ ವೇಷದವನು ತಲೆಗೆ ಕಟ್ಟುವ ಹುಲಿಮುಖ. ಬಟ್ಟೆ, ಅಂಟು, ಬಣ್ಣ, ಮೇಲೆ ಕುರಿಯ ಉಣ್ಣೆ. ಅಪ್ಪ ನವರಾತ್ರಿಯಲ್ಲಿ ಒಂದು ಹುಲಿ ತಂಡ ಕಟ್ಟುತ್ತಿದ್ದರು. ಹೋದ ವರ್ಷ ತೀರಿಕೊಂಡರು. ಅಧಿಕಾರಿಗಳು ಮಂಡೆಯನ್ನು ತಿರುಗಿಸಿ ಮುರುಗಿಸಿ ನೋಡಿ, ಹುಲಿಯೇನೋ ಅಲ್ಲ, ಆದರೆ ಉಣ್ಣೆಯನ್ನು ಒಳಗೆ ಬಿಡುವಂತಿಲ್ಲ, ವಾಪಸು ಹೋಗುವಾಗ ತೆಗೆದುಕೊಂಡು ಹೋಗಿ ಎಂದರು. ಆ ದೇಶದಲ್ಲಿ ಗುಡ್ಡ ಕಂಡಲ್ಲೆಲ್ಲ ಕುರಿ. ಆದರೂ ನಮ್ಮೂರಿನ ಒಂದು ಹಿಡಿ ಉಣ್ಣೆಗೆ ಅಷ್ಟು ಹೆದರಿಕೆ! ಜೊತೆಗಿದ್ದ ತಾಸೆಯನ್ನು ಮಾತ್ರ ಬಿಟ್ಟುಕೊಟ್ಟರು. ಹುಲಿಗೆ ಬಡಿಯುವ ಆ ಚಪ್ಪಟೆ ವಾದ್ಯಕ್ಕೆ ಈಗೀಗ ತೊಗಲಲ್ಲ, ಪ್ಲಾಸ್ಟಿಕ್.

ಊರು ನೋಡುವುದು ನೆಪ. ನಾನು ಹೋದದ್ದು ದಿನಕರನಿಂದ ಒಂದು ಮಾತು ತೆಗೆದುಕೊಳ್ಳಲು. ಅವನು ಕೂಸಾಗಿದ್ದಾಗ ಉಬ್ಬಸ ಬಂದು ಮೈ ನೀಲಿಗಟ್ಟಿತ್ತು. ಇವನ ಉಸಿರು ಉಳಿದರೆ ವರ್ಷವೂ ನಮ್ಮ ಮನೆಯಿಂದ ಒಂದು ಹುಲಿ ನಿನ್ನ ಮುಂದೆ ಕುಣಿಯುತ್ತದೆ ಎಂದು ಅಪ್ಪ ದೇವಿಗೆ ಹರಕೆ ಹೊತ್ತರು. ಅಪ್ಪ ಇರುವವರೆಗೆ ಅವರೇ ಕುಣಿದರು. ಈ ಸಲದ ನವರಾತ್ರಿಗೆ ದಿನಕರ ಬರಲೇಬೇಕು. ಅವನ ಕೈಗೆ ಮಂಡೆ ಕೊಟ್ಟೇ ಮಾತು ತೆಗೆದುಕೊಳ್ಳಬೇಕು ಎಂದಿದ್ದೆ. ಮಂಡೆ ವಿಮಾನ ನಿಲ್ದಾಣದ ಕಪಾಟು ಸೇರಿತು.

ಮೌಂಟ್ ಆಲ್ಬರ್ಟ್

ದಿನಕರನ ಮನೆ ಇರುವ ಬಡಾವಣೆ ಇದು. ಆಗ ಅಲ್ಲಿ ಚಳಿಗಾಲ. ಮನೆಯೊಳಗಿನ ಚಳಿ ಹೊರಗಿನದಕ್ಕಿಂತ ಒಂದು ಕೈ ಹೆಚ್ಚು. ನಾನು ಎರಡು ಸ್ವೆಟರ್ ಮೇಲೊಂದು ಶಾಲು ಹೊದ್ದು ಕಿಟಕಿಯಲ್ಲಿ ನಿಂತರೆ, ಎದುರುಮನೆಯ ಮುದುಕ ಚಡ್ಡಿ ಹಾಕಿ ಬರಿಗಾಲಲ್ಲಿ ಹಾಲು ತರಲು ಹೋಗುತ್ತಿದ್ದ. ನಮ್ಮಲ್ಲಿ ಬರಿಗಾಲಲ್ಲಿ ರಸ್ತೆಗಿಳಿದರೆ ಬಡತನ ಎನ್ನುತ್ತಾರೆ. ಅಲ್ಲಿ ಅದೊಂದು ಆರಾಮ.

ನಾನೂ ದಿನಕರನೂ ಇಬ್ಬರೇ ಇದ್ದರೆ ತುಳು. ಅವನ ಹೆಂಡತಿ ಶ್ವೇತಾ ಮೈಸೂರಿನವಳು, ಆಸ್ಪತ್ರೆಯಲ್ಲಿ ನರ್ಸ್. ಹಾಗಾಗಿ ಮನೆಮಾತು ಕನ್ನಡ. ಮಗಳು ಅನ್ವಿ ಎಲ್ಲ ಅರ್ಥ ಮಾಡಿಕೊಂಡು ಎಲ್ಲಕ್ಕೂ ಇಂಗ್ಲಿಷಿನಲ್ಲಿ ಉತ್ತರ ಕೊಡುವ ಹುಡುಗಿ. ಹೈಸ್ಕೂಲಿಗೆ ಹೋಗುತ್ತಾಳೆ, ಕೊರಿಯಾದ ಹೆದರಿಕೆಯ ಸಿನಿಮಾಗಳೆಂದರೆ ಪ್ರಾಣ. ಸಂಜೆಯಾದರೆ ನನ್ನನ್ನೂ ಸೋಫಾಕ್ಕೆ ಎಳೆದು ಕೂರಿಸುತ್ತಿದ್ದಳು.

"ಅತ್ತೆ, ಡೋಂಟ್ ಕ್ಲೋಸ್ ಯುವರ್ ಐಸ್. ನೌ ಹಿ ವಿಲ್ ಚೇಂಜ್."

ಒಂದರಲ್ಲಿ ಸೊಸೆ ನರಿಯಾಗುತ್ತಾಳೆ. ಇನ್ನೊಂದರಲ್ಲಿ ಅಣ್ಣನ ಬೆನ್ನಿನ ಮೇಲೆ ರೋಮ ಏಳುತ್ತದೆ, ಬೆನ್ನುಮೂಳೆ ಲಟಲಟ ಎನ್ನುತ್ತದೆ. ನಮ್ಮ ಸಿನಿಮಾದ ದೆವ್ವ ಹೊರಗಿನಿಂದ ಬಂದು ಮೈಮೇಲೆ ಏರುತ್ತದೆ, ಮಂತ್ರವಾದಿ ಬಂದರೆ ಇಳಿಯುತ್ತದೆ. ಇವರಲ್ಲಿ ಮೃಗ ಮನುಷ್ಯನ ಒಳಗಿನಿಂದಲೇ ಹೊರಡುತ್ತದೆ. ಮನೆಯವರಿಗೆ ಗೊತ್ತಾದರೂ ಯಾರಿಗೂ ಹೇಳುವುದಿಲ್ಲ. ಮುಚ್ಚಿದ ಬಾಗಿಲ ಹೊರಗೆ ಊಟದ ತಟ್ಟೆ ಇಟ್ಟು, ಒಳಗಿನ ಗುರುಗುಟ್ಟುವಿಕೆಯನ್ನು ಕೇಳುತ್ತ ಕೂತಿರುತ್ತಾರೆ. ನನಗೆ ಮೃಗಕ್ಕಿಂತ ಆ ತಟ್ಟೆ ಕಂಡರೆ ಹೆಚ್ಚು ಹೆದರಿಕೆ.

ನಾನು ಹೋಗಿ ಒಂದು ವಾರದೊಳಗೇ ದಿನಕರನ ಹತ್ತಿರ ಹರಕೆಯ ಮಾತು ತೆಗೆದೆ.

"ಅಕ್ಕ, ನನಗೆ ಈಗ ಬಣ್ಣ ಆಗಿ ಬರುದಿಲ್ಲ," ಎಂದ. "ಮೈಗೆಲ್ಲ ಪೇಂಟ್ ಹಚ್ಚಿ ನಿಂತರೆ ಎದೆ ಬಿಗಿ ಹಿಡೀತದೆ. ಉಸಿರು ಸಿಗುದಿಲ್ಲ."

"ಅಪ್ಪನಿಗೆ ಅರವತ್ತು ದಾಟಿದ ಮೇಲೂ ಆಗ್ತಿತ್ತು. ನಿನಗೆ ಎಂತ ಮಾರಾಯ? ಕುಣಿಯಲಾರದವಳು ನೆಲ ಡೊಂಕು ಅಂದಳಂತೆ."

ಮರುದಿನ ನೋಡಿದರೆ ಹಿತ್ತಲಿನಲ್ಲಿ, ಬಟ್ಟೆ ಒಣಹಾಕುವ ತಂತಿಯ ಕೆಳಗೆ ಹುಲಿ ಹೆಜ್ಜೆ ಹಾಕುತ್ತಿದ್ದಾನೆ! ನನ್ನ ಸಂತೋಷ ಹೆಚ್ಚು ಹೊತ್ತು ಉಳಿಯಲಿಲ್ಲ. ಈಸ್ಟ್ ತಮಾಕಿಯಲ್ಲಿ ಅವನು ಕೆಲಸ ಮಾಡುವ ಕಾರ್ಖಾನೆಯ ಆಫೀಸಿನಲ್ಲಿ ಸುಜಿನ್ ಎಂಬ ಕೊರಿಯಾದ ಹುಡುಗಿ ಇದ್ದಾಳಂತೆ. ರಜಾ ದಿನಗಳಲ್ಲಿ ಕಿರುಚಿತ್ರ ಮಾಡುತ್ತಾಳೆ. ಇವನ ಫೋನಿನಲ್ಲಿದ್ದ ಹಳೆಯ ಹುಲಿವೇಷದ ವಿಡಿಯೋ ನೋಡಿದವಳು ಇವನನ್ನು ಬಿಡಲಿಲ್ಲ. ಕೆಲಸ ಕಳೆದುಕೊಂಡ ಒಬ್ಬ ಅಪ್ಪ ಮೆಲ್ಲಮೆಲ್ಲನೆ ಹುಲಿಯಾಗುವ ಕಥೆ. ಮನೆಯವರು ಅವನನ್ನು ಗ್ಯಾರೇಜಿನಲ್ಲಿ ಅಡಗಿಸಿಡುತ್ತಾರೆ.

"ದೇವಿಯ ಮುಂದೆ ಕುಣಿಲಿಕ್ಕೆ ಉಸಿರು ಇಲ್ಲ. ಕ್ಯಾಮೆರಾದ ಮುಂದೆ ಉಂಟಾ?" ಎಂದೆ.

"ಅಲ್ಲಿ ಬಣ್ಣ ಇಲ್ಲ ಅಕ್ಕ. ರಬ್ಬರಿನ ಮುಖ. ಒಂದೇ ಗಂಟೆಯ ಕೆಲಸ."

ಸಿಟ್ಟಿನಲ್ಲೂ ಕೈ ಸುಮ್ಮನಿರಲಿಲ್ಲ. ಹೋಗಿ ಅವನ ಬೆರಳುಗಳನ್ನು ಮಡಚಿ ಸರಿ ಮಾಡಿದೆ. ತಾಸೆ ಬಡಿಯುವಷ್ಟು ಹೊತ್ತು ಹುಲಿಯ ಬೆರಳು ನೆಟ್ಟಗಾಗಬಾರದು, ಇದು ಅಪ್ಪನ ಕಟ್ಟಳೆ. ನೆಟ್ಟಗಾದರೆ ತಾಸೆಯ ಕೋಲಿನಿಂದಲೇ ಗೆಣ್ಣಿಗೆ ಒಂದು ಬೀಳುತ್ತಿತ್ತು. ದಿನಕರ ನಾಲ್ಕು ಸುತ್ತು ಹಾಕಿ, ಮಂಡಿಗೆ ಕೈಯೂರಿ ನಿಂತು, ಕಿಸೆಯಿಂದ ಉಬ್ಬಸದ ಪಂಪು ತೆಗೆದು ಬಾಯಿಗಿಟ್ಟ. ಚಳಿಗಾಳಿ ಎಂದ. ಹೊಟ್ಟೆ ಬಂದಿದೆ, ಅದಕ್ಕೇ, ಎಂದು ನಾನಂದುಕೊಂಡೆ.

ನ್ಯೂ ನಾರ್ತ್ ರೋಡಿನ ಊಟದಂಗಡಿ

ಸುಜಿನಳ ಅಮ್ಮನಿಗೆ ಮನೆಯ ಹತ್ತಿರವೇ ಒಂದು ಸಣ್ಣ ಊಟದಂಗಡಿ. ಶೂಟಿಂಗಿಗೆ ಮೊದಲು ಹುಲಿಯ ಅಕ್ಕನನ್ನು ನೋಡಬೇಕು ಎಂದು ಕರೆದರು. ಅಮ್ಮ ನನ್ನ ವಯಸ್ಸಿನವಳೇ. ಕುಳ್ಳಗೆ, ಗಟ್ಟಿಮುಟ್ಟು, ಇಂಗ್ಲಿಷ್ ನನ್ನಷ್ಟೇ. ಆದ್ದರಿಂದ ನಮ್ಮಿಬ್ಬರಿಗೂ ಚೆನ್ನಾಗಿ ಹೊಂದಿತು.

ಆದರೆ ಆಕೆ ಮಾಡಿದ ಒಂದು ಕೆಲಸಕ್ಕೆ ನನ್ನ ಜೀವ ಹೋದಂತಾಯಿತು. ಬಿಸಿ ಶ್ಯಾವಿಗೆಯ ಬಟ್ಟಲು ತಂದಿಟ್ಟು, ಇಷ್ಟುದ್ದದ ಕತ್ತರಿ ತೆಗೆದು ಅದನ್ನು ಕಚಕಚ ಕತ್ತರಿಸಿದಳು. ಮಾಂಸಕ್ಕೂ ಅದೇ ಕತ್ತರಿ, ಸೊಪ್ಪಿಗೂ ಅದೇ. ನನ್ನ ಅಂಗಡಿಯಲ್ಲಿ ಬಟ್ಟೆಯ ಕತ್ತರಿಯಿಂದ ಯಾರಾದರೂ ಕಾಗದ ಕತ್ತರಿಸಿದರೂ ಅವತ್ತು ಅವರಿಗೆ ಗ್ರಹಚಾರ. ಅನ್ನಕ್ಕೆ ಕತ್ತರಿ! ನಾನು ಕಣ್ಣುಬಿಟ್ಟು ನೋಡುವುದನ್ನು ಕಂಡು ಆಕೆ ನಗುತ್ತ ಕತ್ತರಿಯನ್ನು ನನ್ನ ಕೈಗೇ ಕೊಟ್ಟಳು. ಹರಿತ ನೋಡಿದೆ. ನನ್ನದಕ್ಕಿಂತ ಚೆನ್ನಾಗಿತ್ತು.

ಊಟದ ನಡುವೆ ಅವರ ನಾಡಿನ ಹಳೆಯ ಕಥೆಯೊಂದನ್ನು ಹೇಳಿದಳು. ಬಿಟ್ಟ ಮಾತನ್ನು ಸುಜಿನ್ ತುಂಬಿದಳು. ಒಂದು ಕರಡಿ, ಒಂದು ಹುಲಿ. ಎರಡಕ್ಕೂ ಮನುಷ್ಯರಾಗುವ ಆಸೆ. ಕತ್ತಲೆ ಗುಹೆಯಲ್ಲಿ ಕೂತು, ಬೆಳ್ಳುಳ್ಳಿ ಮತ್ತು ಕಹಿ ಸೊಪ್ಪು ಮಾತ್ರ ತಿಂದು ಇರಿ ಎಂದು ದೇವರು ಹೇಳಿದ. ಕರಡಿ ತಾಳಿಕೊಂಡು ಹೆಣ್ಣಾಯಿತು. ಹುಲಿ ನಡುವೆಯೇ ಗುಹೆ ಬಿಟ್ಟು ಓಡಿತು.

"ಎಲ್ಲರೂ ಕರಡಿಯನ್ನು ಹೊಗಳುತ್ತಾರೆ. ನನಗೆ ಹುಲಿಯ ಮೇಲೆ ಕನಿಕರ," ಎಂದಳು ಆಕೆ. "ಅದಕ್ಕೆ ಒಳಗೆ ಉಸಿರು ಕಟ್ಟಿರಬೇಕು."

ದಿನಕರ ಜೋರಾಗಿ ನಕ್ಕು ನನ್ನ ಕಡೆ ನೋಡಿದ. ನಾನು ನಗಲಿಲ್ಲ. ನಮ್ಮ ಹುಲಿ ಓಡುವ ಹುಲಿಯಲ್ಲ ಎಂದು, ಬಂದಷ್ಟು ಇಂಗ್ಲಿಷಿನಲ್ಲಿ ಭಾಷಣ ಮಾಡಿದೆ. ವೇಷ ಹಾಕುವ ಹಿಂದಿನ ದಿನ ಊದು ಪೂಜೆ, ಧೂಪದ ಹೊಗೆಯಲ್ಲಿ ವೇಷದವರು ನಿಲ್ಲುವುದು, ಬೈಹುಲ್ಲಿನಲ್ಲಿ ಬಿಗಿದು ಕಟ್ಟಿದ ಅಕ್ಕಿಮುಡಿಯನ್ನು ಹಲ್ಲಿನಲ್ಲಿ ಕಚ್ಚಿ ಹಿಂದಕ್ಕೆ ಎಸೆಯುವುದು, ಎಲ್ಲ ಹೇಳಿದೆ. ಒಮ್ಮೊಮ್ಮೆ ಹುಲಿಗೆ ನಿಜವಾಗಿಯೂ ಆವೇಶ ಬರುತ್ತದೆ, ಮೈ ನಡುಗಿ ನೆಲಕ್ಕೆ ಬೀಳುತ್ತಾನೆ. ಆಗ ಅವನನ್ನು ಯಾರೂ ಮುಟ್ಟಬಾರದು, ತಾಸೆ ನಿಲ್ಲಬಾರದು, ಎಂದೂ ಹೇಳಿದೆ. ಸುಜಿನಳ ಕಣ್ಣು ಅರಳಿತು. ತಾಸೆ ನೀವೇ ಬಡಿಯಿರಿ ಎಂದಳು. ಗಂಡಸರ ಕೆಲಸ ಅದು. ಆದರೆ ಅಪ್ಪನ ಅಂಗಳದಲ್ಲಿ ಕಲಿತ ಕೈ ನನ್ನದು, ಬೇಡ ಎನ್ನಲು ಮನಸ್ಸು ಬರಲಿಲ್ಲ.

ಈಸ್ಟ್ ತಮಾಕಿ, ಶನಿವಾರ

ವಾರದ ದಿನ ಲಾರಿಗಳ ಸದ್ದಿನಲ್ಲಿ ಮುಳುಗುವ ಆ ಬೀದಿಗಳು ಶನಿವಾರ ಬಿಕೋ ಎನ್ನುತ್ತವೆ. ಒಂದರ ಪಕ್ಕ ಒಂದು ತಗಡಿನ ಗೋದಾಮು, ನಡುವೆ ನರಪಿಳ್ಳೆ ಇಲ್ಲ. ಖಾಲಿ ಗೋದಾಮೊಂದರ ಮೂಲೆಯಲ್ಲಿ ಗ್ಯಾರೇಜಿನ ಸೆಟ್ಟು ಹಾಕಿದ್ದರು. ಹಳೆಯ ಟೈರು, ಮಕ್ಕಳ ಸೈಕಲ್ಲು, ನೆಲದ ಮೇಲೆ ಊಟದ ತಟ್ಟೆ. ತಟ್ಟೆ ನೋಡಿದ್ದೇ ಕಣ್ಣನ್ನು ಬೇರೆ ಕಡೆ ಹೊರಳಿಸಿದೆ. ಶ್ವೇತಾಳಿಗೆ ಡ್ಯೂಟಿ, ಅನ್ವಿಗೆ ನೆಟ್‌ಬಾಲ್. ಮನೆಯಿಂದ ಬಂದವರು ನಾವಿಬ್ಬರೇ.

ದಿನಕರನಿಗೆ ಮೊದಲು ರೋಮದ ಅಂಗಿ ತೊಡಿಸಿದರು. ಮೇಲೆ ರಬ್ಬರಿನ ಹುಲಿಮುಖ ಇಳಿಸಿ, ಕುತ್ತಿಗೆಯ ಸುತ್ತ ಅಂಟು ಹಾಕಿ ಅಂಗಿಗೆ ಸೇರಿಸಿದರು. ಆ ಮುಖವನ್ನು ಸುಜಿನ್ ತಿಂಗಳುಗಟ್ಟಲೆ ಕೂತು ತಾನೇ ಮಾಡಿದ್ದಳಂತೆ. ಉಸಿರಾಡಲು ಮೂಗಿನ ಎರಡು ತೂತು. ದವಡೆ ಅಲ್ಲಾಡುತ್ತದೆ, ಒಳಗಿನ ಮಾತು ಹೊರಗೆ ಕೇಳುವುದಿಲ್ಲ. ನನ್ನ ತಮ್ಮ ನನ್ನ ಕಣ್ಣೆದುರೇ ಕಾಣೆಯಾದ. ಗಾಜಿನ ಹಳದಿ ಕಣ್ಣು ನನ್ನ ಕಡೆ ತಿರುಗಿದಾಗ ಒಂದು ಹೆಜ್ಜೆ ಹಿಂದೆ ಸರಿದೆ.

ಹೊಗೆಯ ಯಂತ್ರ ಹಾಕಿದರು. ಸೆಟ್ಟಿನೊಳಗೆ ಬಿಳಿ ಹೊಗೆ ತುಂಬಿತು. ನನಗೆ ಅದು ಊದು ಪೂಜೆಯ ಧೂಪವೇ ಆಗಿ ಕಂಡಿತು. ಏಕೋ ಅಪ್ಪ ಬಂದು ಹಿಂದೆ ನಿಂತ ಹಾಗೆ. ಕೈ ಮುಗಿದು ತಾಸೆ ಎತ್ತಿಕೊಂಡೆ.

ತಗಡಿನ ಗೋದಾಮಿನಲ್ಲಿ ತಾಸೆಯ ಸದ್ದು ನಾಲ್ಕು ಪಟ್ಟಾಗಿ ತಿರುಗಿ ಬರುತ್ತಿತ್ತು. ದಿನಕರ ತೆವಳಿದ, ಬೆನ್ನು ಬಗ್ಗಿಸಿದ, ತಟ್ಟೆಯನ್ನು ಒದ್ದ. ಅಪ್ಪನ ಹೆಜ್ಜೆಯೇ! ಆಮೇಲೆ ಅವನು ಮಂಡಿಯೂರಿದ. ಭುಜ ನಡುಗತೊಡಗಿತು. ನೆಲಕ್ಕೆ ಬಿದ್ದು ಕುತ್ತಿಗೆಯನ್ನು ಪರಚಿಕೊಂಡ, ಮೈ ಬಿಲ್ಲಿನಂತೆ ಬಾಗಿತು. ಇದು ಅವನು ಅಭ್ಯಾಸ ಮಾಡಿದ್ದರಲ್ಲಿ ಇರಲಿಲ್ಲ. ಸುಜಿನ್ ಉಸಿರು ಬಿಗಿಹಿಡಿದು ಕ್ಯಾಮೆರಾದ ಪರದೆಯನ್ನೇ ನೋಡುತ್ತಿದ್ದಳು. ಧ್ವನಿ ಹಿಡಿಯುತ್ತಿದ್ದ ಬಿಳಿಯ ಯುವಕ ಮಾತ್ರ ಮೈಕಿನ ಕೋಲು ಕೆಳಗಿಟ್ಟು ಅವನ ಕಡೆ ಎರಡು ಹೆಜ್ಜೆ ಹಾಕಿದ.

ಅವನನ್ನು ತಡೆದವಳು ನಾನು.

"ಡೋಂಟ್ ಟಚ್!" ಎಂದು ಕಿರುಚಿದೆ. "ಮುಟ್ಟಬೇಡಿ! ಗಾಡ್ ಈಸ್ ಕಮಿಂಗ್!"

ಯುವಕ ನಿಂತ. ಹುಲಿಯ ಅಕ್ಕನೇ ಹೇಳುವಾಗ ಅವನೇನು ಮಾಡಬೇಕು? ನನಗೆ ಆವೇಶದ ಹುಲಿ ಕಾಣುತ್ತಿತ್ತು. ದೇವಿ ಸಮುದ್ರ ದಾಟಿ ಬಂದಳು, ಹರಕೆಯನ್ನು ಇಲ್ಲೇ ಕೇಳಿ ಪಡೆದಳು ಎಂದು ಮೈಯೆಲ್ಲ ಜುಮ್ಮೆಂದಿತು. ಅವನು ಹೊರಳಿದಷ್ಟೂ ನಾನು ಬಡಿತ ಏರಿಸಿದೆ. ಅವನು ನನ್ನ ಕಡೆಗೇ ತೆವಳಿಕೊಂಡು ಬಂದ. ನಾನು ಇನ್ನೂ ಜೋರಾಗಿ ಬಡಿದೆ.

ನನ್ನ ಪಾದದ ಹತ್ತಿರ ಬಂದು ಅವನು ಬಲಗೈ ಚಾಚಿದ. ಮಡಚಿದ ಬೆರಳುಗಳು ಒಂದೊಂದಾಗಿ ಬಿಚ್ಚಿಕೊಂಡವು. ಐದೂ ಬೆರಳು ನೆಟ್ಟಗೆ ನಿಂತವು.

ತಾಸೆ ಬಡಿಯುತ್ತಿದೆ, ಬೆರಳು ನೆಟ್ಟಗಿದೆ. ಎಂಥ ಆವೇಶದಲ್ಲೂ, ಪ್ರಜ್ಞೆ ತಪ್ಪಿದಾಗಲೂ ಅಪ್ಪನ ತಂಡದ ಹುಲಿ ಬೆರಳು ಬಿಚ್ಚಿದ್ದನ್ನು ನಾನು ಕಂಡವಳಲ್ಲ. ಇದು ಹುಲಿಯ ಕೈ ಅಲ್ಲ. ಕೂಸಾಗಿದ್ದಾಗ ತೊಟ್ಟಿಲಿನಿಂದ ನನ್ನ ಲಂಗ ಹಿಡಿಯಲು ಚಾಚುತ್ತಿದ್ದ ಕೈ.

"ದಿನ್ನೂ!"

ತಾಸೆ ಎಸೆದು ಅವನ ಮೇಲೆ ಬಿದ್ದೆ. ಕುತ್ತಿಗೆಯ ಅಂಟಿಗೆ ಉಗುರು ಹಾಕಿದರೆ ಅದು ಜಗ್ಗುವುದಿಲ್ಲ. ಮೂಗಿನ ತೂತುಗಳು ಒಳಗಿನ ತೇವಕ್ಕೆ ಮೆತ್ತಿಕೊಂಡಿದ್ದವು. ಪಂಪು ರೋಮದ ಅಂಗಿಯ ಒಳಗೆ, ಪ್ಯಾಂಟಿನ ಕಿಸೆಯಲ್ಲಿ. ನಾನು ಏನು ಕೂಗಿದೆನೋ ನನಗೆ ನೆನಪಿಲ್ಲ. ಊಟ ತಂದಿದ್ದ ಸುಜಿನಳ ಅಮ್ಮ ಓಡಿ ಬಂದು ನನ್ನ ಕೈಗೆ ಏನನ್ನೋ ತುರುಕಿದಳು. ಅದೇ ಕತ್ತರಿ.

ಎಡಗೈಯ ಎರಡು ಬೆರಳನ್ನು ಅವನ ಚರ್ಮಕ್ಕೂ ರಬ್ಬರಿಗೂ ನಡುವೆ ತೂರಿಸಿ, ಗಲ್ಲದ ಕೆಳಗಿನಿಂದ ಕಿವಿಯವರೆಗೆ ಕತ್ತರಿ ಓಡಿಸಿದೆ. ಸುಜಿನ್ ತಾನೇ ಮುಂದೆ ಬಂದು, ತಾನೇ ಮಾಡಿದ ಮುಖವನ್ನು ಎರಡೂ ಕೈಯಿಂದ ಹರಿದು ಎಸೆದಳು. ಒಳಗಿದ್ದ ತುಟಿ ನೀಲಿಯಾಗಿತ್ತು. ಅಂಗಿ ಕತ್ತರಿಸಿ ಪಂಪು ತೆಗೆದೆವು. ಬಾಯಿಗಿಟ್ಟು ಒತ್ತಿದೆ. ಎದೆ ಏಳಲಿಲ್ಲ. ಮತ್ತೆ ಒತ್ತಿದೆ. ಆಗ ಒಳಗೆಲ್ಲೋ ಸೀಟಿಯಂಥ ಒಂದು ಸಣ್ಣ ಸದ್ದು ಹುಟ್ಟಿ, ಎದೆ ಎದ್ದಿತು.

ಅಷ್ಟರಲ್ಲಿ ಯುವಕ ಆಂಬುಲೆನ್ಸ್ ಕರೆದಿದ್ದ. ಗೋದಾಮಿನ ದೊಡ್ಡ ಬಾಗಿಲು ತೆರೆದರು. ಹೊಗೆ ಹೊರಗೆ ಹೋಯಿತು, ತಣ್ಣನೆಯ ಬೆಳಕು ಒಳಗೆ ಬಂತು. ದಿನಕರನ ತಲೆ ನನ್ನ ತೊಡೆಯ ಮೇಲಿತ್ತು. ಮಾತು ಬಂದ ಕೂಡಲೇ ತುಳುವಿನಲ್ಲಿ ಹೇಳಿದ: ಒಳಗಿನಿಂದ ನಿನ್ನನ್ನೇ ಕರೆದೆ ಅಕ್ಕ, ತಾಸೆ ನಿಲ್ಲಿಸು ಅಂತ.

ಡ್ಯೂಟಿಯ ಬಟ್ಟೆಯಲ್ಲೇ ಆಸ್ಪತ್ರೆಯಲ್ಲಿ ಎದುರಾದ ಶ್ವೇತಾ ಗಂಡನಿಗೆ ಒಂದು ಮಾತೂ ಅನ್ನಲಿಲ್ಲ. ನನ್ನನ್ನು ನೋಡಿ, "ಅತ್ತಿಗೆ, ಇವ್ರು ಬ್ರೆತ್ ಸಿಗಲ್ಲ ಅಂತ ನಿಮ್ಗೆ ಹೇಳಿರ್ಲಿಲ್ವಾ?" ಎಂದಳು. ಹೇಳಿದ್ದ. ನಾನು ಗಾದೆ ಹೇಳಿದ್ದೆ.

ಮತ್ತೆ ಅದೇ ಅಂಗಡಿ

ದಿನಕರ ಚೇತರಿಸಿಕೊಂಡ ಮೇಲೆ ಸುಜಿನ್ ನಮ್ಮನ್ನು ಅಂಗಡಿಗೆ ಕರೆದಳು. ಅವಳ ಮುಖ ಇಳಿದುಹೋಗಿತ್ತು. ಲ್ಯಾಪ್‌ಟಾಪ್ ಮೇಜಿನ ಮೇಲಿಟ್ಟು, ಅವತ್ತಿನದೆಲ್ಲ ಇದರಲ್ಲಿದೆ, ನೀವು ಅಳಿಸು ಎಂದರೆ ನಿಮ್ಮೆದುರೇ ಅಳಿಸುತ್ತೇನೆ ಎಂದಳು. ದಿನಕರ ನೋಡಬೇಕು ಎಂದ.

ನೋಡಿದೆವು. ದೇವರೇ, ಎಂಥ ಹುಲಿ! ಅನ್ವಿ ತೋರಿಸಿದ ಯಾವ ಸಿನಿಮಾದಲ್ಲೂ ಅಂಥದ್ದನ್ನು ನಾನು ನೋಡಿರಲಿಲ್ಲ. ಮನುಷ್ಯ ಕರಗಿ ಮೃಗ ಏಳುವುದು ಅಷ್ಟು ನಿಜ. ಅದರ ಮೇಲೆ ನನ್ನ ತಾಸೆ, ನನ್ನ ಕಿರುಚಾಟ: ಮುಟ್ಟಬೇಡಿ, ಮುಟ್ಟಬೇಡಿ. ನನ್ನದೇ ದನಿಗೆ ನನಗೆ ನಾಚಿಕೆಯಾಯಿತು, ಹೆದರಿಕೆಯೂ ಆಯಿತು. ಬಾಗಿಲಾಚೆ ತಟ್ಟೆ ಇಟ್ಟು ಕೂತಿದ್ದವಳು ನಾನೇ. ಕಣ್ಣೊರೆಸಿಕೊಂಡೆ.

ಪರದೆಯ ಮೇಲೆ ಬೆರಳು ನೆಟ್ಟಗಾದ ಕೂಡಲೇ ದಿನಕರ ಕೈಯಿಟ್ಟು ನಿಲ್ಲಿಸಿದ.

"ಇಲ್ಲಿವರೆಗೆ ಇಟ್ಟುಕೋ," ಎಂದು ಸುಜಿನಳಿಗೆ ಹೇಳಿದ. "ಇಲ್ಲಿಂದ ಮುಂದೆ ಇರುವುದು ಹುಲಿ ಅಲ್ಲ, ನಾನು. ಅದನ್ನು ಯಾರಿಗೂ ತೋರಿಸಬೇಡ."

ಅವಳು ತಲೆಬಾಗಿದಳು. ಅಲ್ಲೇ ಕೂತು ಮುಂದಿನದನ್ನು ಅಳಿಸಿದಳು. ಅವಳ ಅಮ್ಮ ನಾಲ್ಕು ಬಟ್ಟಲು ತಂದಿಟ್ಟಳು. ನನ್ನ ಬಟ್ಟಲಿಗೆ ಕತ್ತರಿ ಹಾಕುವ ಮೊದಲು ಒಮ್ಮೆ ನನ್ನ ಮುಖ ನೋಡಿದಳು. ಕತ್ತರಿಸು ಎಂದು ಬಟ್ಟಲನ್ನು ಅವಳ ಕಡೆ ತಳ್ಳಿದೆ.

ಮನೆಗೆ ನಡೆದು ಬರುವಾಗ ದಿನಕರ ತಾನಾಗಿಯೇ ಹೇಳಿದ.

"ನವರಾತ್ರಿಗೆ ಬರ್ತೇನೆ ಅಕ್ಕ. ಅಪ್ಪನ ಹರಕೆ ಅಲ್ವಾ. ಹೇಗೂ ಸುಧಾರಿಸ್ತೇನೆ."

ನಾನು ಅಷ್ಟು ದೂರ ಹಾರಿ ಬಂದದ್ದು ಈ ಮಾತಿಗಾಗಿಯೇ. ಈಗ ಕಿವಿಗೆ ಬಿದ್ದರೆ ಎದೆಯಲ್ಲಿ ಚೂರಿ ಆಡಿದ ಹಾಗಾಯಿತು.

"ಅಪ್ಪ ಹರಕೆ ಹೊತ್ತದ್ದು ಎಂತಕ್ಕೆ? ನಿನ್ನ ಉಸಿರು ಉಳಿಲಿ ಅಂತ," ಎಂದೆ. "ನೀನು ಊರಿಗೆ ಬಾ, ಊಟ ಮಾಡು, ಕಡಲ ಹತ್ತಿರ ಕೂತುಕೋ. ಹುಲಿ ಹಾಕುದು ಬೇಡ. ದೇವಿಗೆ ನಾನು ಹೇಳ್ತೇನೆ."

"ಎಂತ ಹೇಳ್ತೀ?"

"ಅದು ನನಗೂ ಅವಳಿಗೂ ಇರುವ ಮಾತು. ನಿನಗೆ ಎಂತಕ್ಕೆ?"

ಅವನು ನಕ್ಕ. ನಗು ಕೆಮ್ಮಾಯಿತು, ಕೆಮ್ಮು ನಿಂತಿತು. ನಿಲ್ಲುವವರೆಗೂ ನಾನು ಅವನ ಬೆನ್ನ ಮೇಲಿನ ಕೈ ತೆಗೆಯಲಿಲ್ಲ.

ವಾಪಸು

ಆಕ್ಲೆಂಡಿನಲ್ಲಿ ವಿಮಾನ ಹತ್ತುವ ದಿನ ರಟ್ಟಿನ ಪೆಟ್ಟಿಗೆ ಕೈಗೆ ಬಂತು. ಬೀಳ್ಕೊಡಲು ಬಂದಿದ್ದ ದಿನಕರ ಮುಚ್ಚಳ ತೆಗೆದು, ಮಂಡೆಯ ಹಣೆಯನ್ನು ಒಮ್ಮೆ ಸವರಿ ಮುಚ್ಚಿದ. ಅನ್ವಿ ನನ್ನನ್ನು ತಬ್ಬಿಕೊಂಡು, "ಹುಷಾರು ಅತ್ತೆ," ಎಂದಳು. ಅವಳ ಬಾಯಲ್ಲಿ ಅಷ್ಟು ಕನ್ನಡ ಕೇಳಿದ್ದು ಅದೇ ಮೊದಲು.

ದಾರಿಯುದ್ದಕ್ಕೂ ಪೆಟ್ಟಿಗೆ ನನ್ನ ಕಾಲ ಬಳಿಯೇ ಇತ್ತು. ದೇವಿಗೆ ಏನು ಹೇಳುವುದು ಎಂದು ಎಷ್ಟು ಯೋಚಿಸಿದರೂ ಒಂದೇ ಮಾತು ಉಳಿಯುತ್ತಿತ್ತು. ಕೊಟ್ಟದ್ದು ನೀನು, ಇನ್ನು ವಾಪಸು ಕೇಳಬೇಡ.

ಬೆಂಗಳೂರಿನಲ್ಲಿ ಕಸ್ಟಮ್ಸ್‌ನವನು ಪೆಟ್ಟಿಗೆಯನ್ನು ಯಂತ್ರದೊಳಗೆ ಕಳಿಸಿ, ಪರದೆ ನೋಡಿ ಹುಬ್ಬು ಗಂಟಿಕ್ಕಿದ.

"ಏನಮ್ಮ ಇದು? ಯಾವುದೋ ಪ್ರಾಣಿ ತಲೆ ಇದ್ದಂಗಿದೆ?"

"ಪ್ರಾಣಿ ಅಲ್ಲಪ್ಪ," ಎಂದೆ. "ನನ್ನ ಅಪ್ಪನ ಟೊಪ್ಪಿ."